ಅನಾಮಿಕರು ಅಂದರೆ ಯಾರು?

ಮೂಕಿ ಚಿತ್ರಗಳ ಚರಿತ್ರೆ ಬರೆಯುವ ವಿದ್ವಾಂಸರ ಬಾಯಲ್ಲಿ ಈಗೊಂದು ಮಾತು ಓಡಾಡುತ್ತಿದೆ. 'ಮರೆತುಹೋದವರು' ಅನ್ನೋ ಮಾತು. ಮರೆತುಹೋದ ನಟಿ, ಮರೆತುಹೋದ ನಿರ್ದೇಶಕ, ಮರೆತುಹೋದ ಕ್ಯಾಮೆರಾದವನು. ಹಳೇ ಡಬ್ಬ ತೆಗೆದು, ಧೂಳು ಕೊಡವಿ, ಒಂದು ಫೋಟೊ ಹುಡುಕಿ, ಅದಕ್ಕೊಂದು ಲೇಖನ ಬರೆದು, ಒಬ್ಬರನ್ನು ಮತ್ತೆ ಬೆಳಕಿಗೆ ತಂದೆವು ಎಂದು ಬೆನ್ನು ತಟ್ಟಿಕೊಳ್ಳುತ್ತಾರೆ. ಒಳ್ಳೇ ಕೆಲಸವೇ, ಬೇಡ ಅನ್ನುವವನು ನಾನಲ್ಲ. ಆದರೆ ಬಾಳೆಲೆಯಂಥ ಊರಲ್ಲಿ, ಕಾಫಿ ತೋಟದ ಲೈನುಮನೆಗಳ ಮಗ್ಗುಲಲ್ಲಿ ಕೂತು ಈ ಮಾತು ಕೇಳಿದರೆ ಒಂದು ಪ್ರಶ್ನೆ ಗಂಟಲಲ್ಲಿ ಸಿಕ್ಕಿಕೊಳ್ಳುತ್ತದೆ. ಮರೆಯಬೇಕಾದರೆ ಮೊದಲು ನೆನಪಲ್ಲಿ ಇಟ್ಟುಕೊಂಡಿರಬೇಕಲ್ಲ ಸ್ವಾಮಿ? ಕಲ್ಲು ಹೊಡೆದು ಊರು ಬಿಡಿಸಿದವರನ್ನು 'ಮರೆತೆವು' ಅನ್ನುವುದು ಯಾವ ಭಾಷೆ?

ನಾನು ಹೇಳುತ್ತಿರುವುದು ಪಿ.ಕೆ. ರೋಸಿಯಮ್ಮನ ಮಾತು. ನಮ್ಮ ಬಾಳೆಲೆಯಿಂದ ಕುಟ್ಟದ ಗಡಿ ದಾಟಿದರೆ ಕೇರಳ. ಆ ಕೇರಳದ ಇನ್ನೊಂದು ತುದಿಯಲ್ಲಿ, ತಿರುವನಂತಪುರದಲ್ಲಿ, ಜೆ.ಸಿ. ಡೇನಿಯಲ್ ಎಂಬುವರು 'ವಿಗತಕುಮಾರನ್' ಅನ್ನೋ ಮೂಕಿ ಚಿತ್ರ ತೆಗೆದರು. ಬಿಡುಗಡೆಯಾದದ್ದು 1928ರಲ್ಲಿ ಅಂತ ಕೆಲವರು, 1930ರಲ್ಲಿ ಅಂತ ಕೆಲವರು. ಮಲಯಾಳಿಗಳ ಮೊದಲ ಕತಾಚಿತ್ರ ಅದು. ಅದರ ನಾಯಕಿ ಪುಲಯರ ಕೇರಿಯ ಹೆಣ್ಣುಮಗಳು. ಹುಟ್ಟಿದಾಗಿನ ಹೆಸರು ರಾಜಮ್ಮ. ಸಿನಿಮಾಕ್ಕೆ ರೋಸಿ. ಚಿತ್ರದಲ್ಲಿ ಆಕೆಯದು ಸರೋಜಿನಿ ಎಂಬ ನಾಯರ್ ಹೆಣ್ಣಿನ ಪಾತ್ರ.

ಇಷ್ಟೇ ಆದದ್ದು. ಹೊಲಗೇರಿಯ ಹೆಣ್ಣು ನಾಯರ್ ಹೆಣ್ಣಿನ ಸೀರೆ ಉಟ್ಟು ಪರದೆಯ ಮೇಲೆ ಕಾಣಿಸಿಕೊಂಡಳು. ನಾಯಕ ಆಕೆಯ ಮುಡಿಯ ಹೂವಿಗೆ ಮುತ್ತಿಟ್ಟ. ಅದನ್ನು ನೋಡಿದ ಮೇಲ್ಜಾತಿಯ ಗಂಡಸರ ರಕ್ತ ಕುದಿಯಿತು. ಕ್ಯಾಪಿಟಲ್ ಥಿಯೇಟರಿನ ಪರದೆಗೆ ಕಲ್ಲು ಬಿತ್ತು. ಮೊದಲ ಪ್ರದರ್ಶನಕ್ಕೆ ಆಕೆಯನ್ನು ಒಳಗೆ ಬಿಡಬಾರದು, ಆಕೆ ಇದ್ದರೆ ದೊಡ್ಡವರು ಬಂದು ಉದ್ಘಾಟನೆ ಮಾಡುವುದಿಲ್ಲ ಎಂಬ ಷರತ್ತು ಬಂದಿತ್ತು ಅನ್ನುತ್ತವೆ ಈಗಿನ ಬರಹಗಳೆಲ್ಲ. ತನ್ನ ಮುಖವನ್ನೇ ತಾನು ನೋಡಲು ಆಕೆಗೆ ಟಿಕೆಟ್ ಇರಲಿಲ್ಲ! ಆಮೇಲೆ ಗುಡಿಸಲಿಗೆ ಬೆಂಕಿ ಬಿತ್ತು. ತಮಿಳುನಾಡಿನ ಕಡೆ ಹೊರಟಿದ್ದ ಲಾರಿ ಹತ್ತಿ ಆಕೆ ಪಾರಾದರು. ಲಾರಿ ಓಡಿಸುತ್ತಿದ್ದ ಕೇಶವ ಪಿಳ್ಳೆಯನ್ನೇ ಮದುವೆಯಾಗಿ, ನಾಗರಕೋವಿಲಿನಲ್ಲಿ ರಾಜಮ್ಮಾಳ್ ಎಂಬ ಹೆಸರಲ್ಲಿ ಸಂಸಾರ ಮಾಡಿದರು. ಸಿನಿಮಾದ ಮಾತು ಎತ್ತಲಿಲ್ಲ.

ರಾಜಮ್ಮ, ರೋಸಿ, ರಾಜಮ್ಮಾಳ್. ಒಂದೇ ಜನ್ಮದಲ್ಲಿ ಮೂರು ಹೆಸರು. ಆ ಕಾಲದ ಬೇರೆ ನಟಿಯರೂ ಹೆಸರು ಬದಲಿಸಿಕೊಂಡರಲ್ಲ ಎಂದು ಯಾರಾದರೂ ಅನ್ನಬಹುದು. ಹೌದು, ರೂಬಿ ಮೈಯರ್ಸ್ ಎಂಬ ಯಹೂದಿ ಹೆಣ್ಣುಮಗಳು ಸುಲೋಚನಾ ಆದರು, ರೆನೀ ಸ್ಮಿತ್ ಎಂಬ ಆಂಗ್ಲೋ ಇಂಡಿಯನ್ ಹುಡುಗಿ ಸೀತಾದೇವಿ ಆದರು. ಅವರು ಹೆಸರು ಬದಲಿಸಿದ್ದು ಜನ ಬರಲಿ, ನೋಡಲಿ ಅಂತ. ರೋಸಿಯಮ್ಮ ಕೊನೆಯ ಸಲ ಹೆಸರು ಬದಲಿಸಿದ್ದು ಯಾರೂ ಬರದಿರಲಿ, ಯಾರೂ ನೋಡದಿರಲಿ ಅಂತ.

ಈಗ ಶೋಧದ ಕತೆಗೆ ಬರೋಣ. ಡೇನಿಯಲ್ಲರೂ ಸುಖಪಟ್ಟವರಲ್ಲ. ಅವರು ನಾಡಾರ್ ಕ್ರೈಸ್ತರು. ಆಸ್ತಿ ಮಾರಿ ಚಿತ್ರ ತೆಗೆದರು, ಕೈ ಸುಟ್ಟುಕೊಂಡರು, ಹಲ್ಲಿನ ವೈದ್ಯ ಮಾಡಿ ಬದುಕಿದರು, 1975ರಲ್ಲಿ ಬಡತನದಲ್ಲೇ ಸತ್ತರು. ಅವರನ್ನು ಹುಡುಕಿ ಜಗತ್ತಿಗೆ ಹೇಳಿದವರು ಚೇಲಂಗಾಟ್ ಗೋಪಾಲಕೃಷ್ಣನ್ ಎಂಬ ಪತ್ರಕರ್ತ. ಅವರು ಹಟ ಹಿಡಿದು ಬರೆಯದೆ ಇದ್ದಿದ್ದರೆ ಮಲಯಾಳಂ ಸಿನಿಮಾಕ್ಕೆ ಡೇನಿಯಲ್ ಅನ್ನೋ ಹೆಸರೇ ಇರುತ್ತಿರಲಿಲ್ಲ. ಈಗ ಅವರು 'ಮಲಯಾಳಂ ಸಿನಿಮಾದ ಪಿತಾಮಹ'. 1992ರಿಂದ ಕೇರಳ ಸರ್ಕಾರ ಅವರ ಹೆಸರಲ್ಲಿ ದೊಡ್ಡ ಪ್ರಶಸ್ತಿ ಕೊಡುತ್ತಿದೆ. ಕೊಡಲಿ. ಆದರೆ ಲೆಕ್ಕ ನೋಡಿ. ಡೇನಿಯಲ್ ಕೊನೆಗಾಲ ಕಳೆದದ್ದು ಕನ್ಯಾಕುಮಾರಿ ಜಿಲ್ಲೆಯ ಅಗಸ್ತೀಶ್ವರದಲ್ಲಿ. ರಾಜಮ್ಮಾಳ್ ಸಂಸಾರ ಮಾಡಿದ ನಾಗರಕೋವಿಲ್ ಅದೇ ಜಿಲ್ಲೆಯಲ್ಲೇ ಇದೆ. ಪಿತಾಮಹನ ಮನೆಗೆ ಚರಿತ್ರೆ ನಡೆದುಕೊಂಡು ಬಂತು. ನಾಯಕಿಯ ಮನೆಗೆ ಬರಲಿಲ್ಲ. ಆಕೆಯ ಬಾಯಿಂದ ಕೇಳಿ ಬರೆದ ಒಂದು ಪುಟ ಇವತ್ತು ನಮ್ಮ ಕೈಯಲ್ಲಿಲ್ಲ.

ರೋಸಿಯಮ್ಮನ ಬೆನ್ನು ಹತ್ತಿದವರು ಬೇರೆ ಜನ. ಕುನ್ನುಕುಳಿ ಎಸ್. ಮಣಿ ಎಂಬ ದಲಿತ ಲೇಖಕರು ವರ್ಷಗಟ್ಟಲೆ ಆಕೆಯ ವಿಷಯ ಕೂಡಿಸಿ ಬರೆದರು. ಕುರೀಪುಳ ಶ್ರೀಕುಮಾರ್ ಕವಿತೆ ಬರೆದರು. ವಿನು ಅಬ್ರಹಾಂ ಕಾದಂಬರಿ ಬರೆದರು. ಸಿನಿಮಾದ ಹೆಣ್ಣುಮಕ್ಕಳು ಕಟ್ಟಿಕೊಂಡ ಸಂಘಟನೆ 2019ರಲ್ಲಿ ಆಕೆಯ ಹೆಸರಲ್ಲಿ ಫಿಲ್ಮ್ ಸೊಸೈಟಿ ಮಾಡಿತು. ಚೆನ್ನೈನಲ್ಲಿ ಪಾ. ರಂಜಿತ್ ಅವರ ನೀಲಂ ಸಂಸ್ಥೆ ಆಕೆಯ ಹೆಸರಲ್ಲೇ ಚಿತ್ರೋತ್ಸವ ನಡೆಸುತ್ತದೆ. ಆಕೆಯನ್ನು ಹುಡುಕಿದ್ದು ಗಾಯ ಇದ್ದವರು, ಗೊತ್ತಾಯಿತೆ? ಡಬ್ಬದ ಧೂಳು ಕೊಡವಿದವರಿಗೆ ಆಕೆ ಸಿಗುವಂತೆಯೇ ಇರಲಿಲ್ಲ, ಯಾಕೆಂದರೆ ಆ ಚಿತ್ರದ ಡಬ್ಬವೇ ಉಳಿದಿಲ್ಲ.

2013ರಲ್ಲಿ ಕಮಲ್ ಎಂಬ ನಿರ್ದೇಶಕರು 'ಸೆಲ್ಯುಲಾಯ್ಡ್' ಎಂಬ ಚಿತ್ರ ತೆಗೆದು ಡೇನಿಯಲ್ ಕತೆ ಹೇಳಿದರು. ಪ್ರಶಸ್ತಿ ಬಂತು, ಜನ ಅತ್ತರು. ಅದರಲ್ಲಿ ರೋಸಿ ಬರುತ್ತಾಳೆ. ಹೆದರಿ ನಡುಗುವ, ಕೈಮುಗಿಯುವ, ದೊಡ್ಡ ಮನಸ್ಸಿನ ಗಂಡಸೊಬ್ಬ ಕೈಹಿಡಿದು ಕುರ್ಚಿಯ ಮೇಲೆ ಕೂರಿಸಬೇಕಾದ ಮುಗ್ಧೆ. ನನಗೆ ಸಿಟ್ಟು ಬಂದದ್ದು ಇಲ್ಲಿ. ಸಿನಿಮಾಕ್ಕೆ ಬರುವ ಮೊದಲೇ ಆಕೆ ಕಾಕ್ಕಾರಿಶ್ಶಿ ನಾಟಕದ ಕಲಾವಿದೆ. ಶಿವ ಪಾರ್ವತಿಯರನ್ನೇ ಅಲೆಮಾರಿ ಕಾಕ್ಕಾಲರನ್ನಾಗಿ ಮಾಡಿ ಕುಣಿಸುವ ಆಟ ಅದು. ಹಾಡಬೇಕು, ಕುಣಿಯಬೇಕು, ಎದುರಿಗೆ ಕೂತ ಜನರ ಜೊತೆ ಮಾತಿಗೆ ಮಾತು ಕೊಡಬೇಕು. ಅಂಥ ರಂಗದ ಮೇಲೆ ನಿಂತ ಹೆಣ್ಣಿಗೆ ನಟನೆ ಕಲಿಸಿಕೊಟ್ಟವರು ಯಾರು? ಡೇನಿಯಲ್ಲೂ ಅಲ್ಲ, ಕ್ಯಾಮೆರಾವೂ ಅಲ್ಲ. ಕೇರಿಯೇ ಕಲಿಸಿತ್ತು. ಶೋಧಕ ಮಹಾಶಯರು ಆಕೆಗೆ ನೋವು ಕೊಟ್ಟರು, ಕಣ್ಣೀರು ಕೊಟ್ಟರು, ಕಲೆಯನ್ನು ಮಾತ್ರ ಕೊಡಲಿಲ್ಲ. ಜೆನ್ನಿ ರೊವೆನಾ ಆಗಲೇ ಒಂದು ಪ್ರಶ್ನೆ ಎತ್ತಿದರು. ಇವತ್ತಾದರೂ ಒಬ್ಬ ದಲಿತ ಹೆಣ್ಣು ಮಲಯಾಳಂ ಸಿನಿಮಾದಲ್ಲಿ ನಾಯರ್ ಹೆಣ್ಣಿನ ಪಾತ್ರ ಮಾಡಲು ಸಾಧ್ಯವೆ ಅಂತ. ಆ ಪ್ರಶ್ನೆಗೆ ಉತ್ತರ ಹೇಳುವ ಬದಲು ನಾವು ಕರವಸ್ತ್ರ ತೆಗೆದು ಕಣ್ಣೊರೆಸಿಕೊಂಡೆವು.

ಅದೆಲ್ಲ ಕೇರಳದ ಸಮಾಚಾರ, ನಮ್ಮ ಕರ್ನಾಟಕದಲ್ಲಿ ಹೀಗೆಲ್ಲ ಇರಲಿಲ್ಲ ಎಂದು ನಮ್ಮ ಸುಸಂಸ್ಕೃತ ಬಂಧುಗಳು ಹೇಳಬಹುದು. ಹಾಗಾದರೆ ನಮ್ಮ ಮೂಕಿಯ ಲೆಕ್ಕವನ್ನೂ ತೆಗೆಯೋಣ.

ನಮ್ಮಲ್ಲಿ 1930ರ ಆಸುಪಾಸಿನಲ್ಲಿ ಮೋಹನ್ ಭವನಾನಿ ಎಂಬುವರು ಶೂದ್ರಕನ 'ಮೃಚ್ಛಕಟಿಕ'ವನ್ನು ಮೂಕಿ ಚಿತ್ರ ಮಾಡಿದರು, 'ವಸಂತಸೇನಾ' ಅಂತ. ಅದರಲ್ಲಿ ಏಣಾಕ್ಷಿ ರಾಮರಾವ್ ಇದ್ದರು, ಕಮಲಾದೇವಿ ಚಟ್ಟೋಪಾಧ್ಯಾಯ ಇದ್ದರು. ಹರಿಭಾಯ್ ದೇಸಾಯಿಯವರ ಸೂರ್ಯ ಫಿಲ್ಮ್ ಕಂಪನಿ ಬೆಂಗಳೂರಲ್ಲಿ ಚಿತ್ರ ತೆಗೆಯಿತು. ಗುಬ್ಬಿ ವೀರಣ್ಣನವರು ನಾಟಕದ ದುಡ್ಡು ಹಾಕಿ 'ಹಿಸ್ ಲವ್ ಅಫೇರ್', 'ಹರಿಮಾಯಾ' ತೆಗೆಸಿದರು. ಗುಬ್ಬಿ ಜಯಮ್ಮನವರು ಕ್ಯಾಮೆರಾ ಮುಂದೆ ನಿಂತರು. ಇವೆಲ್ಲ ನಮ್ಮ ಚರಿತ್ರೆಕಾರರು ಕಷ್ಟಪಟ್ಟು ಕೂಡಿಸಿಟ್ಟ ಹೆಸರುಗಳು, ಅದಕ್ಕೆ ಅವರಿಗೆ ಶರಣು.

ಆದರೆ ಕಮಲಾದೇವಿಯವರನ್ನೂ ರೋಸಿಯಮ್ಮನನ್ನೂ ಅಕ್ಕಪಕ್ಕ ನಿಲ್ಲಿಸಿ ನೋಡಿ. ಕಮಲಾದೇವಿಯವರು ಹುಟ್ಟಿದ್ದು 1903ರ ಏಪ್ರಿಲ್‌ನಲ್ಲಿ, ಮಂಗಳೂರಿನ ಸಾರಸ್ವತರ ಮನೆಯಲ್ಲಿ. ರೋಸಿಯಮ್ಮ ಹುಟ್ಟಿದ್ದೂ 1903ರಲ್ಲೇ ಅನ್ನುತ್ತಾರೆ, ಫೆಬ್ರವರಿಯಲ್ಲಿ. ಎರಡು ತಿಂಗಳ ಅಂತರ. ಇಬ್ಬರೂ ಹೆಚ್ಚು ಕಡಿಮೆ ಒಂದೇ ಹೊತ್ತಿಗೆ ಮೂಕಿ ಕ್ಯಾಮೆರಾದ ಮುಂದೆ ನಿಂತರು. ಕುಲಸ್ಥ ಮನೆತನದ ಹೆಣ್ಣು ಸಿನಿಮಾಕ್ಕೆ ಬಂದರಲ್ಲ ಎಂದು ಕಮಲಾದೇವಿಯವರ ಧೈರ್ಯವನ್ನು ಜನ ಕೊಂಡಾಡಿದರು. ರೋಸಿಯಮ್ಮ ತೋರಿಸಿದ್ದೂ ಧೈರ್ಯವೇ. ಅದಕ್ಕೆ ಸಿಕ್ಕಿದ್ದು ಕಲ್ಲು. ಕಮಲಾದೇವಿಯವರು ದೊಡ್ಡವರು, ಅದರಲ್ಲಿ ಎರಡು ಮಾತಿಲ್ಲ. ಉಪ್ಪಿನ ಸತ್ಯಾಗ್ರಹದಲ್ಲಿ ಜೈಲಿಗೆ ಹೋದರು, ಕೈಕಸುಬಿನವರಿಗಾಗಿ ಜೀವ ತೇದರು, 1966ರಲ್ಲಿ ಮ್ಯಾಗ್ಸೆಸೆ, 1987ರಲ್ಲಿ ಪದ್ಮವಿಭೂಷಣ ಬಂತು. ಆಕೆಯ ಮೇಲೆ ನನಗೆ ಹೊಟ್ಟೆಕಿಚ್ಚಿಲ್ಲ. ನನ್ನ ತಕರಾರು ಇರುವುದು ಬರೆಯುವವರ ಮೇಲೆ. ಒಂದೇ ಲೇಖನದಲ್ಲಿ 'ಕಮಲಾದೇವಿಯವರು ನಟಿಸಿದರು' ಅಂತಲೂ 'ರೋಸಿ ಓಡಿಹೋದಳು' ಅಂತಲೂ ಬರೆಯುವ ಕೈಗಳನ್ನು ನಾನು ನೋಡಿದ್ದೇನೆ. ಒಬ್ಬರಿಗೆ ಬಹುವಚನ, ಇನ್ನೊಬ್ಬಳಿಗೆ ಏಕವಚನ! ವ್ಯಾಕರಣದಲ್ಲೂ ಕೇರಿ ಬೇರೆ, ಅಗ್ರಹಾರ ಬೇರೆ. ಅದಕ್ಕೇ ನಾನು ರೋಸಿಯಮ್ಮ ಅಂತಲೇ ಬರೆಯುತ್ತಿದ್ದೇನೆ. ಯಾರಿಗೆ ಕಷ್ಟವಾದರೂ ಸರಿ.

ಇನ್ನೊಂದು ಸಂಗತಿ. 'ಮೃಚ್ಛಕಟಿಕ' ಓದಿದವರಿಗೆ ಗೊತ್ತು, ಕೊನೆಯಲ್ಲಿ ಚಾರುದತ್ತನನ್ನು ವಧಾಸ್ಥಾನಕ್ಕೆ ಕರೆದೊಯ್ಯುವವರು ಇಬ್ಬರು ಚಾಂಡಾಲರು. ನಾಟಕದಲ್ಲಿ ಅವರಿಗೆ ಮಾತಿದೆ, ಕರುಣೆ ಇದೆ, ನ್ಯಾಯಾಧೀಶರಿಗಿಂತ ಹೆಚ್ಚಿನ ನ್ಯಾಯಬುದ್ಧಿ ಇದೆ. ನಮ್ಮ ಮೂಕಿಯಲ್ಲಿ ಆ ಇಬ್ಬರ ವೇಷ ಹಾಕಿದವರು ಯಾರು ಎಂದು ಯಾರಾದರೂ ಕೇಳಿದ್ದಾರೆಯೆ?

ಹೆಸರು ಸಿಗದವರನ್ನು ನಮ್ಮ ಚರಿತ್ರೆಕಾರರು 'ಅನಾಮಿಕ ಕಲಾವಿದರು' ಎಂದು ಬರೆದು ಮುಂದೆ ಹೋಗುತ್ತಾರೆ. ಅವರಿಗೆ ಗೊತ್ತಿದೆಯೋ ಇಲ್ಲವೋ, ಹಳಗನ್ನಡದಲ್ಲಿ ಅನಾಮಿಕ ಅಂದರೆ ಹೊಲೆಯ ಅಂತಲೇ ಅರ್ಥ. ರಾಘವಾಂಕನ ಹರಿಶ್ಚಂದ್ರ ಕಾವ್ಯ ತೆಗೆದು ನೋಡಿ. ಹರಿಶ್ಚಂದ್ರನನ್ನು ಕೊಂಡು ಸುಡುಗಾಡು ಕಾಯಲು ಇಟ್ಟ ವೀರಬಾಹು ಅನಾಮಿಕ. ಕಾಡಿನಲ್ಲಿ ರಾಜನ ಮುಂದೆ ಹಾಡಿದ ಹೆಣ್ಣುಮಕ್ಕಳು ಅನಾಮಿಕ ಸತಿಯರು. ಕನ್ನಡದ ಜಾಣತನ ನೋಡಿ: ಮೊದಲು ಒಂದು ಜನಕ್ಕೆ 'ಹೆಸರಿಲ್ಲದವರು' ಅಂತ ಹೆಸರಿಡೋದು. ಆಮೇಲೆ ಚರಿತ್ರೆ ಬರೆಯುವಾಗ 'ಹೆಸರು ಸಿಗಲಿಲ್ಲ' ಅಂತ ಕೈ ಚೆಲ್ಲೋದು.

ಆ ಕಾವ್ಯದಲ್ಲಿ ಆ ಹೆಣ್ಣುಮಕ್ಕಳು ರಾಜನಿಗೆ ಹಾಕುವ ವಾದವನ್ನು ನಾನು ಎಷ್ಟು ಸಲ ನೆನೆಸಿಕೊಂಡಿದ್ದೇನೋ. ನಮ್ಮ ಹಾಡು ಕೇಳಿದ ಕಿವಿಗೆ ಮೈಲಿಗೆಯಾಗಲಿಲ್ಲ, ನಮ್ಮ ರೂಪ ನೋಡಿದ ಕಣ್ಣಿಗೆ ಆಗಲಿಲ್ಲ, ಮುಟ್ಟುವುದಕ್ಕೆ ಮಾತ್ರ ಮೈಲಿಗೆಯೆ ಅಂತ ಕೇಳುತ್ತಾರೆ. ರಾಜನ ಬಳಿ ಉತ್ತರವಿಲ್ಲ. ಇದನ್ನು ಸಿನಿಮಾಕ್ಕೆ ಹಚ್ಚಿ ನೋಡಿ. ಸಿನಿಮಾ ಅನ್ನೋದು ಮುಟ್ಟಲಾಗದ ಕಲೆ. ಪರದೆಯ ಮೇಲಿರುವುದು ಬರೀ ಬೆಳಕು, ಬರೀ ನೆರಳು. ಮೂಕಿಯಲ್ಲಂತೂ ದನಿಯೂ ಇಲ್ಲ. ಹರಿಶ್ಚಂದ್ರ ನೋಡಿದ, ಕೇಳಿದ, ಮುಟ್ಟಲು ಹೇಸಿದ. ತಿರುವನಂತಪುರದ ದೊರೆಗಳಿಗೆ ನೋಡುವುದೂ ಆಗಲಿಲ್ಲ, ಅದೂ ಒಂದು ನೆರಳನ್ನು! ಕಲ್ಲು ಹೊಡೆದದ್ದು ಬಟ್ಟೆಯ ಪರದೆಗೆ. ಪುಲಯರು ಇಷ್ಟು ಹೆಜ್ಜೆ ದೂರ ನಿಲ್ಲಬೇಕು ಎಂದು ಅಳತೆ ಹಾಕಿಟ್ಟಿದ್ದ ನಾಡು ಅದು. ಕ್ಯಾಮೆರಾ ಬಂದು ಆ ಅಳತೆಯನ್ನು ಒಂದೇ ಏಟಿಗೆ ಕೆಡಿಸಿಬಿಟ್ಟಿತು. ಕೊನೆಯ ಬೆಂಚಿನಲ್ಲಿ ಕೂತ ನಾಯರನಿಗೂ ಪುಲಯ ಹೆಣ್ಣಿನ ಮುಖ ಆಳೆತ್ತರ ಕಂಡಿತು. ಭಯ ಬಿದ್ದದ್ದು ಅದಕ್ಕೆ.

ಅದೇ ಹರಿಶ್ಚಂದ್ರನ ಕತೆಯಿಂದಲೇ 1913ರಲ್ಲಿ ಫಾಲ್ಕೆಯವರು ಭಾರತದ ಮೊದಲ ಕತಾಚಿತ್ರ ಶುರು ಮಾಡಿದ್ದು. ತಾರಾಮತಿಯ ಪಾತ್ರಕ್ಕೆ ಹೆಣ್ಣು ಸಿಗದೆ ಮುಂಬಯಿಯ ಗ್ರಾಂಟ್ ರೋಡಿನ ಹೋಟೆಲಿನ ಅಡುಗೆಯವ ಸಾಲುಂಕೆಯನ್ನು ಕರೆತಂದು ಸೀರೆ ಉಡಿಸಿದರು. ಅದೇ ಸಾಲುಂಕೆ 1917ರ 'ಲಂಕಾ ದಹನ'ದಲ್ಲಿ ರಾಮನೂ ಆದ, ಸೀತೆಯೂ ಆದ. ಅಡುಗೆಯವನ ಹೆಸರು ಚರಿತ್ರೆಯಲ್ಲಿ ಉಳಿಯಿತು, ನನಗೆ ಸಂತೋಷ. ಉಳಿಸಬೇಕು ಅನ್ನಿಸಿದರೆ ಹೋಟೆಲಿನ ಒಲೆಯ ಮುಂದೆ ನಿಂತವನ ಹೆಸರನ್ನೂ ಉಳಿಸಬಹುದು ಅನ್ನೋದಕ್ಕೆ ಇದು ಸಾಕ್ಷಿ.

ಇಲ್ಲಿ ಒಬ್ಬರು ಎದ್ದು ನಿಂತು ಹೇಳುತ್ತ���ರೆ, ನನಗೆ ಗೊತ್ತು. "ಎಲ್ಲದಕ್ಕೂ ಜಾತಿ ತರಬೇಡ್ರಿ. ಆ ಕಾಲದ ಫಿಲ್ಮೇ ಹಾಗೆ, ನೈಟ್ರೇಟು, ಬೆಂಕಿ ಬಿದ್ದು ಹೋಯಿತು. ಎಲ್ಲರದ್ದೂ ಹೋಯಿತು." ನಿಜ, ಭಾರತದಲ್ಲಿ ಸಾವಿರಕ್ಕೂ ಹೆಚ್ಚು ಮೂಕಿ ಚಿತ್ರ ತಯಾರಾದವು. ಪೂರ್ತಿಯೋ ತುಂಡೋ ಇವತ್ತು ಉಳಿದಿರೋದು ನೂರಕ್ಕೆ ನಾಲ್ಕೂ ಇಲ್ಲ. ಪುಣೆಯ ರಾಷ್ಟ್ರೀಯ ಫಿಲ್ಮ್ ಆರ್ಕೈವ್ ಕಟ್ಟಿದ ಪಿ.ಕೆ. ನಾಯರ್ ಅವರು ಗುಜರಿ ಅಂಗಡಿ, ಗೋದಾಮು ಅಂತ ತಿರುಗದೆ ಇದ್ದಿದ್ದರೆ ಅಷ್ಟೂ ಇರುತ್ತಿರಲಿಲ್ಲ. ಬೆಂಕಿಗೆ ಜಾತಿ ಇಲ್ಲ, ಒಪ್ಪಿದೆ. ರಿಜಿಸ್ಟರಿಗೆ ಇದೆ. 1934ರ ಮಾರ್ಚ್ 3ರಂದು ಬಿಡುಗಡೆಯಾದ 'ಸತಿ ಸುಲೋಚನ'ದ ಪ್ರಿಂಟೂ ಇವತ್ತು ಇಲ್ಲ. ಆದರೂ ಸುಬ್ಬಯ್ಯ ನಾಯ್ಡು ಗೊತ್ತು, ತ್ರಿಪುರಾಂಬ ಗೊತ್ತು, ನಾಗೇಂದ್ರರಾಯರು ಗೊತ್ತು, ವೈ.ವಿ. ರಾವ್ ಗೊತ್ತು. ಮಾರ್ಚ್ 3 ಬಂದರೆ ಹಾರ ಹಾಕುತ್ತೇವೆ. ಅದೇ ಚಿತ್ರದ ಯುದ್ಧದಲ್ಲಿ ಕಪಿಸೈನ್ಯವಾಗಿ, ರಾಕ್ಷಸಸೈನ್ಯವಾಗಿ ಬಿಸಿಲಲ್ಲಿ ಬಿದ್ದೆದ್ದವರ ಒಂದು ಹೆಸರು ಹೇಳಿ ನೋಡೋಣ. ಸುಟ್ಟದ್ದು ಫಿಲ್ಮು. ಇವರ ಹೆಸರು ಸುಡಲು ಬರೆದೇ ಇರಲಿಲ್ಲ.

ಚಿತ್ರ ಉಳಿಯುವುದಕ್ಕೂ ಒಂದು ಜಾತಕ ಬೇಕು. ಮಲಯಾಳದ ಎರಡನೆಯ ಮೂಕಿ ಚಿತ್ರ 1933ರ 'ಮಾರ್ತಾಂಡವರ್ಮ'. ಅದು ರಾಜನ ಕತೆ, ಪ್ರಸಿದ್ಧ ಕಾದಂಬರಿ. ಕಾದಂಬರಿಯ ಹಕ್ಕು ತಮ್ಮದು ಎಂದು ಪುಸ್ತಕದ ಅಂಗಡಿಯವರು ದಾವೆ ಹೂಡಿದರು, ಚಿತ್ರ ನಿಂತಿತು, ಪ್ರಿಂಟು ಆ ಅಂಗಡಿಯಲ್ಲೇ ಉಳಿಯಿತು. ನಾಯರ್ ಅವರಿಗೆ 1974ರ ಸುಮಾರಿಗೆ ಸಿಕ್ಕಿತು. ಹಕ್ಕು ಕೇಳುವವರಿದ್ದರೆ, ಕೋರ್ಟಿಗೆ ಹೋಗುವ ಕಾಗದವಿದ್ದರೆ, ಸೋತ ಸಿನಿಮಾವೂ ಉಳಿಯುತ್ತದೆ. ರೋಸಿಯಮ್ಮನ ಮುಖದ ಮೇಲೆ ಯಾರು ದಾವೆ ಹಾಕಬೇಕಿತ್ತು?

ಈಗ ನಮ್ಮ ಕಾಡಿಗೆ ಬರುತ್ತೇನೆ. ಇದು ದೂರದ ಮಾತಲ್ಲ. ಬಾಳೆಲೆಯಿಂದ ಆಚೆಗೆ ನಾಗರಹೊಳೆ ಕಾಡು. ಕಾಡು ದಾಟಿದರೆ ಕಾಕನಕೋಟೆ, ಕಾರಾಪುರ, ಮೈಸೂರು ಮಹಾರಾಜರು ಆನೆ ಹಿಡಿಸುತ್ತಿದ್ದ ಖೆಡ್ಡಾದ ಜಾಗ. ಮೂಕಿ ಕಾಲದ ಒಬ್ಬ ದೊಡ್ಡ ನಿರ್ದೇಶಕ ರಾಬರ್ಟ್ ಫ್ಲಾಹರ್ಟಿ ಅಲ್ಲಿಗೆ ಬಂದದ್ದು 1935ರಲ್ಲಿ. ಅವನ ಹೆಸರು ಬೆಳಗಿಸಿದ್ದು 1922ರ 'ನಾನೂಕ್ ಆಫ್ ದಿ ನಾರ್ತ್' ಎಂಬ ಮೂಕಿ. ಉತ್ತರದ ಹಿಮದಲ್ಲಿ ಬದುಕುವ ಇನುಯಿಟ್ ಜನರ ಚಿತ್ರ. ಜಗತ್ತೇ ನಾನೂಕ್ ನಾನೂಕ್ ಅಂದಿತು. ಆ ಬೇಟೆಗಾರನ ಹೆಸರು ನಾನೂಕ್ ಆಗಿರಲೇ ಇಲ್ಲ. ಅಲ್ಲಕರಿಯಲ್ಲಕ್ ಎಂಬುದು ಅವನ ನಿಜ ಹೆಸರು. ಬಿಳಿಯರ ಬಾಯಿಗೆ ಸುಲಭವಾಗಲಿ ಅಂತ ಹೆಸರು ಕತ್ತರಿಸಿದರು. ಬಂದೂಕು ಹಿಡಿದು ಬೇಟೆಯಾಡುತ್ತಿದ್ದವನ ಕೈಗೆ ಭರ್ಜಿ ಕೊಟ್ಟು ಚಿತ್ರ ತೆಗೆದರು. ಗ್ರಾಮಫೋನು ಗೊತ್ತಿದ್ದವನಿಗೆ ಗೊತ್ತಿಲ್ಲದವನಂತೆ ನಟಿಸು ಅಂದರು. ಅವನು ನಟಿಸಿದ. ಕಾಡುಮನುಷ್ಯ ಅಂತ ಜನ ನಂಬಿದರು. ನಟ ಅಂತ ಯಾರೂ ಕರೆಯಲಿಲ್ಲ.

ಅದೇ ಫ್ಲಾಹರ್ಟಿ ಕಾರಾಪುರದ ಮಾವುತನ ಮಗ ಸಾಬುವನ್ನು ಹಿಡಿದು 'ಎಲಿಫೆಂಟ್ ಬಾಯ್' ತೆಗೆದ. ಅದು 1937ರಲ್ಲಿ ತೆರೆ ಕಂಡಿತು. ಆ ಹೊತ್ತಿಗೆ ಸಿನಿಮಾಕ್ಕೆ ಮಾತು ಬಂದಿತ್ತು. ಸಾಬು ಲಂಡನ್ನಿಗೆ ಹೋದ, ಹಾಲಿವುಡ್ಡಿಗೆ ಹೋದ, ಹೆಸರಾದ. ಬಡ ಮಾವುತನ ಮನೆಯ ಹುಡುಗ ಅಷ್ಟೆತ್ತರಕ್ಕೆ ಏರಿದ್ದು ಸಣ್ಣ ಮಾತಲ್ಲ. ಆದರೆ ಆನೆಯ ಹಿಂಡನ್ನು ಕ್ಯಾಮೆರಾದ ಮುಂದೆ ತರಬೇಕಾದರೆ ಕಾಡಿನಲ್ಲಿ ಹೆಜ್ಜೆ ಹಿಡಿಯಬೇಕು, ಲದ್ದಿ ನೋಡಿ ಹೊತ್ತು ಹೇಳಬೇಕು, ಸುತ್ತುಗಟ್ಟಿ ತಮಟೆ ಬಾರಿಸಿ ಓಡಿಸಬೇಕು. ಖೆಡ್ಡಾಗಳಲ್ಲಿ ಆ ಕೆಲಸ ಮಾಡಿದ್ದು ಜೇನುಕುರುಬರು, ಬೆಟ್ಟಕುರುಬರು. 1971ರ ಕೊನೆಯ ಖೆಡ್ಡಾದವರೆಗೂ ಅವರೇ. ಆಮೇಲೆ ಕಬಿನಿ ಅಣೆಕಟ್ಟು ಬಂದು ಖೆಡ್ಡಾದ ಜಾಗವೇ ಮುಳುಗಿತು. ಜಗತ್ತಿನ ಯಾವ ಮೂಲೆಯ ಫಿಲ್ಮ್ ಸಂಗ್ರಹದಲ್ಲಾದರೂ ಖೆಡ್ಡಾದ ತುಣುಕು ಸಿಕ್ಕರೆ ನೋಡಿ. ಮಹಾರಾಜರ ಹೆಸರು, ಸಾಹೇಬರ ಹೆಸರು ಕಾರ್ಡಿನ ಮೇಲೆ ಇರುತ್ತದೆ. ಆನೆಯ ಎಣಿಕೆ ಇರುತ್ತದೆ. ಕುರುಬರು 'ಕಾಡುಜನ'.

ನಮ್ಮ ತೋಟಗಳಲ್ಲೂ ಇದೇ ಶಾಸ್ತ್ರ ನಡೆದು ಬಂದದ್ದು. ರೈಟರ ಚೆಕ್‌ರೋಲಿನಲ್ಲಿ ಗಂಡಾಳು ಇಷ್ಟು, ಹೆಣ್ಣಾಳು ಇಷ್ಟು. ಎರವರ ಹೆಸರನ್ನು ಬಾಯಿಗೆ ಬಂದಂತೆ ಬರೆದುಕೊಂಡದ್ದೇ ಹೆಸರು. ಜೀತದ ಆಳನ್ನು ವರ್ಷಕ್ಕೆ ಇಷ್ಟು ಅಂತ ಗೊತ್ತು ಮಾಡಿಕೊಳ್ಳುವುದಕ್ಕೆ ಗಡಿಯಾಚೆ ವಳ್ಳಿಯೂರುಕಾವಿನ ಜಾತ್ರೆ ಇತ್ತು. 1972ರಲ್ಲಿ ಕೊಡವ ಭಾಷೆಯ ಮೊದಲ ಸಿನಿಮಾ ಬಂತು, 'ನಾಡ ಮಣ್ಣ್ ನಾಡ ಕೂಳ್'. ನನ್ನ ಮಣ್ಣು, ನನ್ನ ಅನ್ನ ಅಂತ ಅರ್ಥ. ಚಂದದ ಹೆಸರು. ಆ ಮಣ್ಣಲ್ಲಿ ಗೇಯ್ದು ಆ ಅನ್ನ ಬೆಳೆದವರಲ್ಲಿ 'ನನ್ನದು' ಅನ್ನಲು ಒಂದು ಸೆಂಟು ಜಾಗ ಇಲ್ಲದವರು ಎಷ್ಟು ಮಂದಿ ಅಂತ ಬಾಳೆಲೆಯ ಯಾವ ಲೈನಿಗೆ ಬೇಕಾದರೂ ಬಂದು ಕೇಳಿ.

ಈ ಜನಕ್ಕೆ ನಟನೆ ಬರುವುದಿಲ್ಲ ಅಂತ ಮಾತ್ರ ಯಾರೂ ಹೇಳಬೇಡಿ. ಮೇ ತಿಂಗಳ ಕೊನೆಗೆ ತಿತಿಮತಿ ಹತ್ತಿರದ ದೇವರಪುರಕ್ಕೆ ಬನ್ನಿ, ಕುಂಡೆ ಹಬ್ಬ ನೋಡಿ. ಜೇನುಕುರುಬರು, ಎರವರು ಮುಖಕ್ಕೆ ಬಣ್ಣ ಬಳಿದು, ಗಂಡಸರು ಹೆಣ್ಣುವೇಷ ಹಾಕಿ, ಡಬ್ಬ ಬಡಿಯುತ್ತ, ಕುಣಿಯುತ್ತ ಬರುತ್ತಾರೆ. ಎದುರಿಗೆ ಸಿಕ್ಕ ಸಾವುಕಾರನಿಗೂ ಬೈಗುಳ, ಸಾಹೇಬನಿಗೂ ಬೈಗುಳ, ದೇವರಿಗೂ ಬೈಗುಳ. ತಮ್ಮನ್ನು ಕಾಡಿಗೆ ಕರೆತಂದು, ಭದ್ರಕಾಳಿಯ ಹಿಂದೆ ಹೋಗಿ ತಮ್ಮನ್ನು ಕೈಬಿಟ್ಟ ಅಯ್ಯಪ್ಪನಿಗೆ ಬೈಯುವ ಹಬ್ಬ ಅದು. ಫಾಲ್ಕೆ ಸಾಲುಂಕೆಗೆ ಸೀರೆ ಉಡಿಸಿದ್ದನ್ನು ಭಾರತೀಯ ಸಿನಿಮಾದ ಆರಂಭ ಅಂತ ಓದುತ್ತೇವೆ. ಇವರು ಸೀರೆ ಉಟ್ಟರೆ ಪತ್ರಿಕೆಗಳಿಗೆ ಅದು 'ವಿಚಿತ್ರ ಆಚರಣೆ'. ವರ್ಷಾ ವರ್ಷಾ ಕ್ಯಾಮೆರಾ ಹೊತ್ತು ಬರುತ್ತಾರೆ, ಫೋಟೊ ಅಚ್ಚಾಗುತ್ತದೆ, ಕೆಳಗೆ 'ಕುಂಡೆ ಹಬ್ಬದಲ್ಲಿ ಗಿರಿಜನರು' ಅಂತ ಒಂದು ಸಾಲು. ತೊಂಬತ್ತು ವರ್ಷ ಕಳೆದ ಮೇಲೆ ಇನ್ನೊಬ್ಬ ಶೋಧಕ ಬಂದು ಈ ಫೋಟೊ ನೋಡಿ 'ಅನಾಮಿಕ ಕಲಾವಿದರು' ಅಂತ ಬರೆಯುತ್ತಾನೆ. ಅನಾಮಿಕರನ್ನು ನಾವು ಇವತ್ತೂ ತಯಾರು ಮಾಡುತ್ತಿದ್ದೇವೆ, ಕಣ್ಣೆದುರಿಗೇ.

ದಾಖಲೆ ಎಲ್ಲಿ, ದಾಖಲೆ ಎಲ್ಲಿ ಅನ್ನುತ್ತಾರಲ್ಲ, ಅದಕ್ಕೂ ಒಂದು ಮಾತು. ಕಾಡಿನ ಹಕ್ಕಿನ ಕಾಯ್ದೆ ಬಂದದ್ದು 2006ರಲ್ಲಿ. ಅದಕ್ಕೆ 2008ರಲ್ಲಿ ನಿಯಮ ಮಾಡಿದರು. ಹಕ್ಕು ಕೇಳುವವರಲ್ಲದ ಹಿರಿಯರು ಬಾಯಲ್ಲಿ ಹೇಳಿದ್ದನ್ನು ಬರೆದುಕೊಂಡರೆ ಅದೂ ಸಾಕ್ಷ್ಯ ಅಂತ ಆ ನಿಯಮದಲ್ಲಿದೆ. ಅಂದರೆ ಸರ್ಕಾರದ ಪುಸ್ತಕವೇ ಒಪ್ಪಿದೆ, ಕಾಗದವಿಲ್ಲದವರ ಬಾಯಿಮಾತು ಸಾಕ್ಷಿ ಅಂತ. ಒಪ್ಪಿದ ಮೇಲೂ ನಡೆಯುವುದು ಬೇರೆ. 2025ರ ಮೇ ತಿಂಗಳಲ್ಲಿ ಕರಡಿಕಲ್ಲು ಅತ್ತೂರುಕೊಲ್ಲಿಯ ಜೇನುಕುರುಬರು ತಮ್ಮನ್ನು ಎಬ್ಬಿಸಿದ ಜಾಗಕ್ಕೆ ವಾಪಸು ಹೋಗಿ ಕೂತರು. ಆಕಾಶದಿಂದ ತೆಗೆದ ಚಿತ್ರದಲ್ಲಿ ನಿಮ್ಮ ವಾಸದ ಗುರುತು ಕಾಣುವುದಿಲ್ಲ ಎಂಬ ಉತ್ತರ ಅವರಿಗೆ ಬಂತು. ಅಜ್ಜನ ಸಮಾಧಿ ತೋರಿಸಿದರೂ ಚಿತ್ರವೇ ಮೇಲು! ಚಿತ್ರದಲ್ಲಿ ಇಲ್ಲ, ಆದ್ದರಿಂದ ನೀವು ಇರಲಿಲ್ಲ. ಸಿನಿಮಾ ಚರಿತ್ರೆಯವರ ತರ್ಕಕ್ಕೂ ಈ ತರ್ಕಕ್ಕೂ ಏನು ವ್ಯತ್ಯಾಸ?

ಹಾಗಾದರೆ ಏನು ಮಾಡಬೇಕು ಹೇಳಿ ಅನ್ನುತ್ತೀರಿ. ಹೇಳುತ್ತೇನೆ. 1930ರಲ್ಲಿ ಇಪ್ಪತ್ತು ವರ್ಷದವರಾಗಿದ್ದವರು ಇವತ್ತು ಯಾರೂ ಇಲ್ಲ. ಅವರ ಮೊಮ್ಮಕ್ಕಳು ಇದ್ದಾರೆ. ರೋಸಿಯಮ್ಮನ ಬಗ್ಗೆ ಇವತ್ತು ನಮಗೆ ತಿಳಿದಿರುವುದರಲ್ಲಿ ಬಹಳಷ್ಟು ಬಂದದ್ದು ಆಕೆಯ ನಂಟರ ಬಾಯಿಂದ, ಕೇರಿಯ ನೆನಪಿನಿಂದ. ಹಾಗೆ ಕೇಳುವ ಕೆಲಸವನ್ನು ನಮ್ಮ ಚಲನಚಿತ್ರ ಅಕಾಡೆಮಿಯವರು ಮಾಡಬೇಕು. ಗುಬ್ಬಿ ಕಂಪನಿಯ ಪರದೆ ಹೊತ್ತವರ ಮನೆ, ಸೂರ್ಯ ಕಂಪನಿಯ ಗುಂಪಿನಲ್ಲಿ ನಿಂತವರ ಮನೆ, ಟೆಂಟಿನಲ್ಲಿ ಮೂಕಿ ಆಡಿಸುವಾಗ ಪಕ್ಕದಲ್ಲಿ ತಮಟೆ, ಡೋಲು ಬಡಿದವರ ಮನೆ, ಕಾಕನಕೋಟೆಯಿಂದ ಎತ್ತಂಗಡಿಯಾದ ಹಾಡಿಗಳು, ಎಲ್ಲ ಕಡೆ ಹೋಗಿ ಕೇಳಬೇಕು. ನಿಮ್ಮ ಮುತ್ತಜ್ಜ ಆನೆ ಓಡಿಸಿದ್ದನ್ನು ಬಿಳಿಯರು ಚಿತ್ರ ತೆಗೆದಿದ್ದರಂತೆ, ಮನೆಯಲ್ಲಿ ಏನಾದರೂ ಹೇಳುತ್ತಿದ್ದರೆ ಅಂತ. ಹತ್ತು ಮನೆಯಲ್ಲಿ ಒಂದು ಮನೆಯವರು ಹೆಸರು ಹೇಳಿದರೂ ಸಾಕು. ಹೆಸರು ಸಿಗದ ಕಡೆ 'ಅನಾಮಿಕ' ಅಂತ ಬರೆಯುವುದನ್ನು ಬಿಡಬೇಕು. 'ಹೆಸರು ಬರೆದುಕೊಳ್ಳಲಿಲ್ಲ' ಅಂತ ಬರೆಯಲಿ. ಬರೆದುಕೊಳ್ಳದವರು ಯಾರು ಅಂತ ಓದುಗ ಕೇಳುತ್ತಾನೆ. ಕೇಳಲಿ.

ಮತ್ತೆ ಬರುವ ಮೇ ತಿಂಗಳಲ್ಲಿ ದೇವರಪುರಕ್ಕೆ ಕ್ಯಾಮೆರಾ ಹೊತ್ತು ಬರುವ ಗೆಳೆಯರೆ, ಜೇಬಿನಲ್ಲಿ ಒಂದು ನೋಟ್‌ಬುಕ್ಕೂ ಇರಲಿ. ಫೋಟೊ ತೆಗೆಯುವ ಮೊದಲು, ಸೀರೆ ಉಟ್ಟು ಡಬ್ಬ ಬಡಿಯುತ್ತಿರುವವನ ಹತ್ತಿರ ಹೋಗಿ, "ನಿಮ್ಮ ಹೆಸರೇನಣ್ಣ? ಯಾವ ಹಾಡಿ?" ಅಂತ ಕೇಳಿ. ಮೊದಲು ಒಂದಷ್ಟು ಬೈಸಿಕೊಳ್ಳಬೇಕಾಗುತ್ತದೆ. ಬೈಸಿಕೊಂಡು, ಹೆಸರು ಬರೆದುಕೊಳ್ಳಿ.